ಕುದುರೆಮುಖದ ಕಾಡುದಾರಿ: ಗಾಡಿ ತೆಗೆಯುವ ಮುಂಚೆ ಎಲ್ಲರೂ ಕೇಳುವ ಪ್ರಶ್ನೆಗಳು

ನನ್ನ ಮನೆ ಕಾರ್ಕಳದ ಹತ್ತಿರ, ಹೆಂಡತಿಯ ತವರು ಕಳಸದ ಹತ್ತಿರ. ನಡುವೆ ಇರುವುದು ಕುದುರೆಮುಖ ರಾಷ್ಟ್ರೀಯ ಉದ್ಯಾನ. ಹಬ್ಬ, ಮದುವೆ, ಬಾಣಂತನ, ಬೊಜ್ಜ (ಉತ್ತರಕ್ರಿಯೆ) ಅಂತ ಈ ದಾರಿಯಲ್ಲಿ ಎಷ್ಟು ಸಲ ಓಡಾಡಿದ್ದೇನೋ ಲೆಕ್ಕ ಇಟ್ಟಿಲ್ಲ. ಬೆಂಗಳೂರಿನ ನೆಂಟರು, ಅವರ ಗೆಳೆಯರು, ಗೆಳೆಯರ ಗೆಳೆಯರು ಪ್ರವಾಸಕ್ಕೆ ಹೊರಡುವಾಗ ಫೋನ್ ಮಾಡಿ ಕೇಳುವುದು ಹೆಚ್ಚುಕಡಿಮೆ ಇವೇ ಪ್ರಶ್ನೆಗಳನ್ನು. ಹೇಳಿ ಹೇಳಿ ಬಾಯಿ ನೋಯುವುದಕ್ಕಿಂತ ಒಮ್ಮೆ ಬರೆದಿಟ್ಟರೆ ಆಯಿತಲ್ಲ ಎಂದು ಕೂತಿದ್ದೇನೆ.

ದಾರಿ ಎಲ್ಲಿಂದ ಎಲ್ಲಿಗೆ?

ಕಾರ್ಕಳದಿಂದ ಬಜಗೋಳಿ, ಅಲ್ಲಿಂದ ಮಾಳ. ಮಾಳದ ಗೇಟು ದಾಟಿದರೆ ಘಾಟಿ ಶುರು. ಘಾಟಿ ಹತ್ತಿದ ಮೇಲೆ ಎಸ್.ಕೆ. ಬಾರ್ಡರ್ ಎಂಬಲ್ಲಿ ದಾರಿ ಕವಲೊಡೆಯುತ್ತದೆ. ಒಂದು ಕವಲು ಕೆರೆಕಟ್ಟೆ ಮೇಲೆ ಶೃಂಗೇರಿಗೆ ಹೋಗುತ್ತದೆ, ಅದು ರಾಷ್ಟ್ರೀಯ ಹೆದ್ದಾರಿ 169. ಇನ್ನೊಂದು ಕವಲು ಕುದುರೆಮುಖ ಊರಿನ ಮೇಲೆ ಕಳಸಕ್ಕೆ. ನೋಡುವುದಕ್ಕೆಂದೇ ಬರುವವರು ಹಿಡಿಯಬೇಕಾದದ್ದು ಈ ಎರಡನೆಯದನ್ನು. ಕಾರ್ಕಳದಿಂದ ಕುದುರೆಮುಖಕ್ಕೆ ಸುಮಾರು 50 ಕಿ.ಮೀ., ಅಲ್ಲಿಂದ ಕಳಸಕ್ಕೆ ಇನ್ನೊಂದು 20 ಚಿಲ್ಲರೆ.

ಎಸ್.ಕೆ. ಅಂದರೆ ಸೌತ್ ಕೆನರಾ. ಸೌತ್ ಕೆನರಾ ಹೋಗಿ ದಕ್ಷಿಣ ಕನ್ನಡ ಆಯಿತು, 1997ರಲ್ಲಿ ಅದನ್ನೂ ಒಡೆದು ಉಡುಪಿ ಜಿಲ್ಲೆ ಮಾಡಿದರು. ಈಗ ಅಲ್ಲಿ ಗಡಿ ಇರುವುದು ಉಡುಪಿಗೂ ಚಿಕ್ಕಮಗಳೂರಿಗೂ. ಹೆಸರು ಮಾತ್ರ ಬ್ರಿಟಿಷರ ಕಾಲದ್ದೇ. ಬಸ್ ಕಂಡಕ್ಟರ್ ಬಾಯಲ್ಲಿ ಅದು "ಎಸ್ಕೆಬಾರ್ಡ್ರು" ಎಂಬ ಒಂದೇ ಪದ.

ಮುಂಚಿತವಾಗಿ ಪರವಾನಗಿ ಪಡೆಯಬೇಕೆ?

ದಾರಿಯಲ್ಲಿ ಹಾದುಹೋಗುವುದಕ್ಕೆ ಬೇಡ. ಅದು ಸಾರ್ವಜನಿಕ ರಸ್ತೆ. ಅರಣ್ಯ ಇಲಾಖೆಯ ಗೇಟಿನಲ್ಲಿ ಗಾಡಿ ನಂಬರ್ ಬರೆಸಿ, ಕೇಳಿದ ಶುಲ್ಕ ಕಟ್ಟಿದರೆ ಒಂದು ಚೀಟಿ ಕೊಡುತ್ತಾರೆ. ಕಾರ್ಕಳ ಕಡೆಗೆ ಮಾಳ, ಶೃಂಗೇರಿ ಕಡೆಗೆ ತನಿಕೋಡು, ಕಳಸ ಕಡೆಗೆ ಬಸ್ರಿಕಲ್ಲು, ಹೀಗೆ ಮೂರು ಗೇಟು. ಚೀಟಿಯನ್ನು ಡ್ಯಾಶ್‌ಬೋರ್ಡಿನ ಮೇಲೆ ಬಿಸಾಡಬೇಡಿ, ಜೇಬಿನಲ್ಲಿಡಿ. ಆಚೆ ಗೇಟಿನಲ್ಲಿ ಕೇಳುತ್ತಾರೆ.

ಕಾಡಿನೊಳಗೆ ಗಾಡಿ ನಿಲ್ಲಿಸಬಹುದಾ?

ಈ ಪುಟ ಬರೆಯಲು ಕಾರಣವೇ ಈ ಪ್ರಶ್ನೆ.

ಇಲ್ಲ. ನಿಗದಿ ಮಾಡಿದ ಜಾಗ ಬಿಟ್ಟು ಬೇರೆಲ್ಲೂ ನಿಲ್ಲಿಸುವಂತಿಲ್ಲ. ಗೇಟಿನಲ್ಲಿ ಕೊಡುವ ಆ ಚೀಟಿಯಲ್ಲಿ ನೀವು ಒಳಗೆ ಹೊಕ್ಕ ಹೊತ್ತು ಬರೆದಿರುತ್ತದೆ. ಇಂತಿಷ್ಟು ಹೊತ್ತಿನಲ್ಲಿ ಆಚೆ ಗೇಟು ಮುಟ್ಟಬೇಕು. ತಡವಾದರೆ ಕಾರಣ ಕೇಳುತ್ತಾರೆ, ದಂಡವೂ ಬೀಳಬಹುದು. "ಅಷ್ಟು ದೂರದಿಂದ ಬಂದು ಒಂದು ಫೋಟೋ ತೆಗೆಯಬಾರದಾ?" ಎಂದು ಬೇಸರಪಟ್ಟವರು ಬಹಳ. ನನಗೂ ಮೊದಮೊದಲು ಹಾಗೆಯೇ ಅನ್ನಿಸುತ್ತಿತ್ತು. ಆದರೆ ತಿರುವಿನಲ್ಲಿ ನಾಲ್ಕು ಕಾರು ಅಡ್ಡ ನಿಲ್ಲಿಸಿ, ಡಿಕ್ಕಿ ತೆರೆದು ಹಾಡು ಹಾಕಿ ಕುಣಿಯುವವರನ್ನು, ಹುಲ್ಲಿನ ಮೇಲೆ ಬಾಟಲಿ ಒಡೆದು ಹೋದವರನ್ನು ನೋಡಿದ ಮೇಲೆ ಆ ಚೀಟಿಯ ಮೇಲೆ ನನಗೆ ಗೌರವ ಬಂದಿದೆ. ಅದಿಲ್ಲದಿದ್ದರೆ ಈ ದಾರಿ ಎಂದೋ ಜಾತ್ರೆಗದ್ದೆ ಆಗಿರುತ್ತಿತ್ತು.

ಹಾಗಾಗಿ ನಿಮ್ಮ ಯೋಜನೆ ಇಲ್ಲಿಂದಲೇ ಶುರುವಾಗಬೇಕು. ತಿಂಡಿ, ಕಾಫಿ, ಶೌಚ, ಮಕ್ಕಳ ಹಟ ಎಲ್ಲವನ್ನೂ ಗೇಟಿನ ಹೊರಗೆ ಮುಗಿಸಿಕೊಳ್ಳಿ. ಒಳಗೆ ಹೊಕ್ಕ ಮೇಲೆ ನಿಧಾನವಾಗಿ ಸಾಗುತ್ತಲೇ ನೋಡಿ. 30ರಿಂದ 40ರ ವೇಗದಲ್ಲಿ, ಕಿಟಕಿ ಇಳಿಸಿ, ಹಾಡು ಆರಿಸಿ ಹೋದರೆ ಕೊಟ್ಟ ಹೊತ್ತು ಸಾಕಾಗುತ್ತದೆ. ಓಡಿಸುವವನಿಗೆ ಏನೂ ಕಾಣುವುದಿಲ್ಲ ಎಂಬುದು ನಿಜವಾದ ತಕರಾರು. ಅದಕ್ಕೆ ಪರಿಹಾರ ಒಂದೇ: ಗಾಡಿ ಬಿಡಲು ಬರುವ ಇಬ್ಬರು ಇರಲಿ, ಹೋಗುವಾಗ ಒಬ್ಬ, ಬರುವಾಗ ಇನ್ನೊಬ್ಬ.

ಕಾರ್ಕಳದಿಂದ ಹತ್ತುವುದು ಚೆನ್ನಾ, ಕಳಸದಿಂದ ಇಳಿಯುವುದು ಚೆನ್ನಾ?

ನಾನು ಕಾರ್ಕಳದವನು, ನನ್ನ ಉತ್ತರದಲ್ಲಿ ಊರಿನ ಪಕ್ಷಪಾತ ಇದೆ ಎಂದು ಮಾವ ಹೇಳುತ್ತಾರೆ. ಆದರೂ ಹತ್ತುವುದೇ ಚೆನ್ನ. ಮಾಳದಿಂದ ಮೇಲೆ ದಟ್ಟ ಮಳೆಕಾಡು, ಹಗಲಲ್ಲೂ ಮಬ್ಬು. ತಿರುವಿನ ಮೇಲೆ ತಿರುವು, ಆಕಾಶ ತುಂಡುತುಂಡಾಗಿ ಮಾತ್ರ ಕಾಣುತ್ತದೆ. ಎಸ್.ಕೆ. ಬಾರ್ಡರ್ ದಾಟಿ ಸ್ವಲ್ಪ ಮುಂದೆ ಹೋಗುವಾಗ ಕಾಡು ಇದ್ದಕ್ಕಿದ್ದಂತೆ ಸರಿದು, ಗುಡ್ಡದ ಮೇಲೆ ಗುಡ್ಡವಾಗಿ ಬರೀ ಹುಲ್ಲು. ಗುಡ್ಡಗಳ ಸಂದಿನಲ್ಲಿ, ನೀರು ಹರಿಯುವ ಕಡೆ ಮಾತ್ರ ಕಪ್ಪುಹಸಿರು ಶೋಲಾ ಕಾಡು. ಕತ್ತಲೆ ಕೋಣೆಯಿಂದ ಅಂಗಳಕ್ಕೆ ಕಾಲಿಟ್ಟ ಹಾಗೆ. ಕಳಸದಿಂದ ಬಂದರೆ ಅಂಗಳ ಮೊದಲು, ಕೋಣೆ ಆಮೇಲೆ.

ಇಳಿಯುವಾಗ ಬ್ರೇಕಿನ ಚಿಂತೆ ಬೇರೆ.

ಯಾವ ತಿಂಗಳಲ್ಲಿ ಬರಬೇಕು?

ಅಕ್ಟೋಬರ್ ಎರಡನೇ ವಾರದಿಂದ ನವೆಂಬರ್ ಮುಗಿಯುವವರೆಗೆ. ಮಳೆ ಬಿಟ್ಟಿರುತ್ತದೆ, ಆದರೆ ತೊರೆಗಳಲ್ಲಿ ನೀರು ಇರುತ್ತದೆ, ಹುಲ್ಲು ಹಸಿರಾಗಿಯೇ ಇರುತ್ತದೆ, ಬೆಳಿಗ್ಗೆ ಮಂಜು ಎದ್ದು ಹತ್ತು ಗಂಟೆಗೆ ಗುಡ್ಡಗಳು ಒಂದೊಂದಾಗಿ ಹೊರಬೀಳುತ್ತವೆ.

ಜೂನ್‌ನಿಂದ ಸೆಪ್ಟೆಂಬರ್ ಮಳೆಗಾಲ. ವರ್ಷಕ್ಕೆ 6,000 ಮಿ.ಮೀ. ದಾಟುವ ಮಳೆಯ ಸೀಮೆ ಇದು. ಅದರ ಬಹುಪಾಲು ಸುರಿಯುವುದು ಈ ನಾಲ್ಕು ತಿಂಗಳಲ್ಲೇ. "ಮಳೆಯಲ್ಲೇ ಮಲೆನಾಡು ಚೆಂದ" ಎಂದು ಜುಲೈಯಲ್ಲಿ ಹೊರಟು ಬರುವವರಿಗೆ ನಾನು ಹೇಳುವುದು, ಚೆಂದ ಹೌದು, ಆದರೆ ನಿಮಗೆ ಕಾಣುವುದು ವೈಪರ್ ಮತ್ತು ಅದರಾಚೆ ಬಿಳಿ ಪರದೆ. ಮರ ಬಿದ್ದು, ಧರೆ ಕುಸಿದು ದಾರಿ ಮುಚ್ಚುವುದೂ ಉಂಟು. ಒಮ್ಮೆ ಆಷಾಢದಲ್ಲಿ ಹೆಂಡತಿಯನ್ನು ತವರಿಗೆ ಬಿಡಲು ಹೋಗಿ, ರಸ್ತೆಗೆ ಅಡ್ಡ ಬಿದ್ದ ಮರವೊಂದರ ಮುಂದೆ ಎರಡು ಗಂಟೆ ಕೂತಿದ್ದೆ. ಹಿಂದೆ ಬಂದ ಬಸ್ಸಿನ ಜನರೇ ಕತ್ತಿ ತೆಗೆದು ಕಡಿದು ದಾರಿ ಮಾಡಿದರು. ಅವರು ಅದನ್ನು ಮಾಡಿದ ಸಲೀಸು ನೋಡಿದರೆ ಅವರಿಗೆ ಅದು ವಾರಕ್ಕೊಮ್ಮೆಯ ಕೆಲಸ ಇರಬೇಕು.

ಡಿಸೆಂಬರ್, ಜನವರಿ ತಣ್ಣಗಿರುತ್ತದೆ, ನೋಟ ದೂರದವರೆಗೆ ಸಿಗುತ್ತದೆ, ಹುಲ್ಲು ಹೊಂಬಣ್ಣಕ್ಕೆ ತಿರುಗಿರುತ್ತದೆ. ಫೋಟೋ ತೆಗೆಯುವವರಿಗೆ ಈ ಬಣ್ಣವೇ ಇಷ್ಟ. ಫೆಬ್ರವರಿ ನಂತರ ಗುಡ್ಡ ಒಣಗಿ ಕಾಳ್ಗಿಚ್ಚಿನ ಕಾಲ. ಆಗ ಬೀಡಿ ಸಿಗರೇಟು ಸೇದುವವರು ಕಿಟಕಿಯಿಂದ ತುಂಡು ಎಸೆದರೆ ಅದೊಂದೇ ಸಾಕು, ಒಂದು ಗುಡ್ಡ ಹೋಗುತ್ತದೆ.

ಒಳಗೆ ಇಳಿದು ನೋಡಬಹುದಾದ ಜಾಗ ಯಾವುದು?

ಮುಖ್ಯವಾಗಿ ಹನುಮಾನ್ ಗುಂಡಿ. ಸೂತನಬ್ಬೆ ಅಂತಲೂ ಹೇಳುತ್ತಾರೆ. ಅಬ್ಬೆ ಅಂದರೆ ಮಲೆನಾಡಿನ ಮಾತಿನಲ್ಲಿ ಜಲಪಾತ, ಗುಂಡಿ ಅಂದರೆ ಅದರ ಕೆಳಗಿನ ಮಡು. ಟಿಕೆಟ್ ಪಡೆದು ಮೆಟ್ಟಿಲಿಳಿದು ಹೋಗಬೇಕು. ಇಳಿಯುವಾಗ ಎಲ್ಲರೂ ಶೂರರು, ಹತ್ತುವಾಗ ಮೊಣಕಾಲು ಮಾತಾಡುತ್ತದೆ. ವಯಸ್ಸಾದವರನ್ನು ಮೇಲೆಯೇ ಕೂರಿಸಿ ಹೋಗಿ. ಮಳೆ ಜೋರಿರುವಾಗ ಬಿಡುವುದಿಲ್ಲ.

ಕಡಾಂಬಿ ಅಬ್ಬೆ ರಸ್ತೆಯ ಬದಿಯಲ್ಲೇ ಧುಮುಕುತ್ತದೆ, ಕಾರಿನಿಂದಲೇ ಕಾಣುತ್ತದೆ.

ಗಂಗಾಮೂಲ ಇರುವುದೂ ಈ ಸೀಮೆಯಲ್ಲೇ, ವರಾಹ ಪರ್ವತದ ಮೈಯಲ್ಲಿ. ತುಂಗೆ, ಭದ್ರೆ ಹುಟ್ಟುವ ಜಾಗ. ನೇತ್ರಾವತಿಯ ಮೂಲವೂ ಇಲ್ಲೇ ಎನ್ನುತ್ತಾರೆ. ಅಲ್ಲಿಗೆ ನಡೆದು ಹೋಗಲು ಬಿಡುವುದಿಲ್ಲ, ಅದಕ್ಕೆ ಬೇಸರಪಡಬೇಡಿ. ಆ ಗುಡ್ಡಗಳ ನಡುವೆ ಹಾದುಹೋಗುವಾಗ ಇಷ್ಟು ನೆನಪಿದ್ದರೆ ಸಾಕು: ಒಂದೇ ಕಡೆ ಹುಟ್ಟಿದ ಅಕ್ಕತಂಗಿಯರಲ್ಲಿ ತುಂಗೆ ಶೃಂಗೇರಿಯ ಕಡೆಗೆ, ಭದ್ರೆ ಕಳಸದ ಕಡೆಗೆ ಹೊರಟು, ಮತ್ತೆ ಸೇರುವುದು ದೂರದ ಶಿವಮೊಗ್ಗದ ಹತ್ತಿರ, ಕೂಡಲಿಯಲ್ಲಿ. ನೇತ್ರಾವತಿ ಇಬ್ಬರಿಗೂ ಬೆನ್ನು ಹಾಕಿ ಪಡುಗಡಲಿಗೆ ಇಳಿಯುತ್ತಾಳೆ. ಮಾಳ ಘಾಟಿಯ ಬದಿಗೆ ಬಿದ್ದ ಹನಿ ಅರಬ್ಬಿ ಸಮುದ್ರಕ್ಕೆ, ಎಸ್.ಕೆ. ಬಾರ್ಡರಿನ ಆಚೆ ಬಿದ್ದದ್ದು ಕೃಷ್ಣೆಯನ್ನು ಸೇರಿ ಬಂಗಾಳ ಕೊಲ್ಲಿಗೆ.

ನಡುವೆ ಖಾಲಿ ಮನೆಗಳ ಊರೊಂದು ಬರುತ್ತದಲ್ಲ, ಅದೇನು?

ಅದೇ ಕುದುರೆಮುಖ ಊರು. ಹಳಬರು ಮಲ್ಲೇಶ್ವರ ಎನ್ನುತ್ತಾರೆ. ಸಾಲು ಸಾಲು ಒಂದೇ ಅಚ್ಚಿನ ಮನೆಗಳು, ಅಗಲ ರಸ್ತೆಗಳು, ಪಾಚಿ ಹತ್ತಿದ ಗೋಡೆಗಳು. ಕಾಡಿನ ನಡುವೆ ಇಂಥ ಪಟ್ಟಣ ಯಾಕೆ ಎಂದು ಎಲ್ಲರಿಗೂ ಆಶ್ಚರ್ಯ.

ಈ ಗುಡ್ಡಗಳ ಹೊಟ್ಟೆಯಲ್ಲಿ ಮ್ಯಾಗ್ನಟೈಟ್ ಎಂಬ ಕಬ್ಬಿಣದ ಅದಿರಿದೆ. 1976ರಲ್ಲಿ ಕೇಂದ್ರ ಸರ್ಕಾರದ ಕುದುರೆಮುಖ ಕಬ್ಬಿಣದ ಅದಿರು ಕಂಪನಿ ಹುಟ್ಟಿತು. ಇರಾನಿನ ಹಣ, ಇರಾನಿಗೇ ಅದಿರು ಎಂಬ ಒಪ್ಪಂದ. 1979ರಲ್ಲಿ ಅಲ್ಲಿ ಕ್ರಾಂತಿಯಾಗಿ ಅಲ್ಲಿನ ದೊರೆ ಶಾ ಓಡಿಹೋದ ಮೇಲೆ ಆ ಲೆಕ್ಕ ತಪ್ಪಿತು, ಗಣಿ ಮಾತ್ರ ನಡೆಯಿತು. ಅದಿರನ್ನು ಹುಡಿ ಮಾಡಿ, ನೀರಲ್ಲಿ ಕಲಸಿ, ಸುಮಾರು 67 ಕಿ.ಮೀ. ಉದ್ದದ ಕೊಳವೆಯಲ್ಲಿ ಘಾಟಿ ಇಳಿಸಿ ಮಂಗಳೂರಿನ ಬಂದರಿಗೆ ಕಳಿಸುತ್ತಿದ್ದರು. ಉಳಿದ ಕೆಸರು ನಿಲ್ಲಲು ಕಟ್ಟಿದ್ದು ಲಕ್ಯಾ ಅಣೆಕಟ್ಟು, ಎತ್ತರ ಸುಮಾರು 100 ಮೀಟರ್. ಅದರ ಹಿಂದೆ ನೀರಿನಂತೆ ಕಾಣುವುದರ ತಳದಲ್ಲಿ ಇರುವುದು ಗಣಿಯ ಕೆಸರು.

ಗಣಿ ನಡೆಯುತ್ತಿರುವಾಗಲೇ 1987ರಲ್ಲಿ ಸುತ್ತಲಿನ ಸುಮಾರು 600 ಚದರ ಕಿ.ಮೀ. ಕಾಡು ರಾಷ್ಟ್ರೀಯ ಉದ್ಯಾನ ಆಯಿತು. ಒಂದು ಕಡೆ ಉದ್ಯಾನ, ನಡುವೆ ಡೈನಮೈಟ್. ಮಳೆಗಾಲದಲ್ಲಿ ಭದ್ರೆ ಕೆಂಪಗೆ ಹರಿಯುತ್ತಿದ್ದುದನ್ನು ಕಳಸದ ಗದ್ದೆಯವರು ಈಗಲೂ ಹೇಳುತ್ತಾರೆ. ಪರಿಸರದವರು ಸುಪ್ರೀಂ ಕೋರ್ಟಿಗೆ ಹೋದರು. 2002ರ ಅಕ್ಟೋಬರ್‌ನಲ್ಲಿ ತೀರ್ಪು ಬಂತು, 2005ರ ಕೊನೆಗೆ ಗಣಿ ನಿಂತಿತು. ನಿಂತದ್ದು ಸರಿ ಎಂದೇ ನನ್ನ ಅಭಿಪ್ರಾಯ. ಆದರೆ ಆ ಊರಲ್ಲಿ ಶಾಲೆಗೆ ಹೋದ, ಅಲ್ಲೇ ಸೈಕಲ್ ಕಲಿತ ನನ್ನ ಗೆಳೆಯನೊಬ್ಬ ಈಗಲೂ ಆ ದಾರಿಯಲ್ಲಿ ಬರುವಾಗ ಮಾತು ನಿಲ್ಲಿಸುತ್ತಾನೆ. ಅವನ ಮುಂದೆ ನಾನು ಈ ಅಭಿಪ್ರಾಯ ಹೇಳುವುದಿಲ್ಲ.

ಕುದುರೆಯ ಮುಖ ಎಲ್ಲಿ ಕಾಣುತ್ತದೆ?

ಈ ರಸ್ತೆಯಿಂದ ಕಾಣುತ್ತದೆಂದು ಕಾದು ಕೂರಬೇಡಿ. ಕುದುರೆಯ ಮುಖದ ಹಾಗೆ ಕಾಣುವ ಶಿಖರ ಇರುವುದು ದಕ್ಷಿಣಕ್ಕೆ, ಎತ್ತರ 1,890 ಮೀಟರಿನ ಆಸುಪಾಸು. ಹಳೆಯ ಹೆಸರು ಸಂಸೆ ಪರ್ವತ, ಸಂಸೆ ಊರಿನ ಕಡೆಯಿಂದ ಹತ್ತುತ್ತಿದ್ದುದರಿಂದ.

ಪ್ರಾಣಿಗಳು ಕಾಣುತ್ತವೆಯೇ?

ಸಫಾರಿಯ ಆಸೆ ಇದ್ದರೆ ನಾಗರಹೊಳೆಗೆ ಹೋಗಿ. ಇಲ್ಲಿ ಕಾಡು ದಟ್ಟ, ಕಾಣುವುದಕ್ಕಿಂತ ಕೇಳುವುದು ಹೆಚ್ಚು. ಬೆಳ್ಳಂಬೆಳಿಗ್ಗೆ ಸಿಳ್ಳಾರ ಹಕ್ಕಿ ಮನುಷ್ಯರ ಹಾಗೆ ಸಿಳ್ಳೆ ಹಾಕುತ್ತದೆ. ಹೊಸಬರು ಯಾರೋ ಕರೆದರು ಎಂದು ತಿರುಗಿ ನೋಡುವುದುಂಟು. ಮಂಗಟ್ಟೆ ಹಕ್ಕಿ ಹಾರುವಾಗ ರೆಕ್ಕೆಯ ಸದ್ದೇ ಗಾಡಿ ಏರು ಹತ್ತಿದ ಹಾಗೆ ಬುಸ್ ಬುಸ್ ಎನ್ನುತ್ತದೆ. ಹುಲ್ಲುಗುಡ್ಡದ ಮೇಲೆ ಸಂಜೆ ಮುಂಚೆ ಕಾಟಿಗಳ (ಕಾಡುಕೋಣಗಳ) ಹಿಂಡು ಕರಿ ಚುಕ್ಕೆಗಳಂತೆ ಕಾಣಬಹುದು.

ಈ ಕಾಡಿನ ನಿಜವಾದ ಯಜಮಾನ ಸಿಂಗಳೀಕ. ಕಪ್ಪು ಮೈ, ಮುಖದ ಸುತ್ತ ಬೂದುಬಿಳಿ ಕೇಸರ, ತುದಿಯಲ್ಲಿ ಕುಚ್ಚಿರುವ ಬಾಲ. ಪಶ್ಚಿಮ ಘಟ್ಟ ಬಿಟ್ಟು ಜಗತ್ತಿನಲ್ಲಿ ಬೇರೆಲ್ಲೂ ಇದು ಕಾಡಿನಲ್ಲಿ ಬದುಕಿಲ್ಲ. ಮರದ ತುದಿಯಿಂದ ತುದಿಗೆ ಹೋಗುವ ಪ್ರಾಣಿ, ನೆಲಕ್ಕೆ ಇಳಿಯುವುದು ಅಪರೂಪ. ಅದಕ್ಕೇ ಮಂಗಗಳಿಗೆ ಚಿಪ್ಸ್ ಎಸೆಯಬೇಡಿ ಎಂದು ಹೇಳುವುದು. ತಿಂಡಿಯ ರುಚಿ ಹತ್ತಿದ ಮಂಗ ರಸ್ತೆಗೆ ಬರುತ್ತದೆ, ರಸ್ತೆಗೆ ಬಂದ ಮಂಗ ಚಕ್ರಕ್ಕೆ ಸಿಗುತ್ತದೆ.

ಕೆರೆಕಟ್ಟೆ ಕಡೆ ಕಾಡಾನೆ ಓಡಾಟ ಇದೆ. ಎದುರಾದರೆ ಹಾರ್ನ್ ಹೊಡೆಯದೆ, ಫೋಟೋಕ್ಕೆ ಇಳಿಯದೆ, ದೂರದಲ್ಲೇ ಕಾಯಿರಿ. ಹಾದಿಯ ಹಕ್ಕು ಅದರದ್ದು.

ಇನ್ನು ಇಂಬಳ, ಅಂದರೆ ಜಿಗಣೆ. ಮಳೆಗಾಲದಲ್ಲಿ ಹುಲ್ಲಿಗೆ ಕಾಲಿಟ್ಟರೆ ತಪ್ಪದೆ ಹತ್ತುತ್ತದೆ. ಕಿತ್ತೆಳೆಯಬೇಡಿ, ಉಪ್ಪೋ ಸುಣ್ಣವೋ ಮುಟ್ಟಿಸಿದರೆ ಬಿಡುತ್ತದೆ. ಸಾಯುವುದಿಲ್ಲ ಯಾರೂ.

ಘಾಟಿಯಲ್ಲಿ ಗಾಡಿ ಬಿಟ್ಟು ಅಭ್ಯಾಸ ಇಲ್ಲ. ಕಷ್ಟವಾ?

ಹೆದರುವಂಥದ್ದಲ್ಲ, ಸಡಿಲ ಬಿಡುವಂಥದ್ದೂ ಅಲ್ಲ. ಆಗುಂಬೆಯಷ್ಟು ಚುರುಕಾದ ಹೇರ್‌ಪಿನ್ ಇಲ್ಲಿಲ್ಲ, ಆದರೆ ತಿರುವುಗಳು ಮುಗಿಯುವುದೇ ಇಲ್ಲ. ಹತ್ತುವಾಗ ಇಂಜಿನ್ ಮುಲುಗುವ ಮುಂಚೆಯೇ ಎರಡನೇ ಗೇರಿಗೆ ಇಳಿಸಿ. ಇಳಿಯುವಾಗಲೂ ಯಾವ ಗೇರಿನಲ್ಲಿ ಹತ್ತುತ್ತಿದ್ದಿರೋ ಅದರಲ್ಲೇ ಇಳಿಯಿರಿ. ಪೆಟ್ರೋಲ್ ಉಳಿಸಲೆಂದು ನ್ಯೂಟ್ರಲ್‌ನಲ್ಲಿ ಜಾರಿಬಿಡುವ ಜಾಣತನ ಬೇಡವೇ ಬೇಡ, ಬ್ರೇಕ್ ಕಾದು ಹಿಡಿಯದೇ ಹೋಗುತ್ತದೆ. ಎದುರು ಗಾಡಿ ಬಂದರೆ ಹತ್ತುವವನಿಗೆ ದಾರಿ ಬಿಡುವುದು ಘಾಟಿಯ ಹಳೆಯ ಧರ್ಮ. ಮಂಜಿದ್ದರೆ ಡಿಮ್ ಲೈಟ್ ಹಾಕಿ. ಬ್ರೈಟ್ ಹಾಕಿದರೆ ಬೆಳಕು ಮಂಜಿಗೆ ಬಡಿದು ನಿಮ್ಮ ಕಣ್ಣಿಗೇ ವಾಪಸ್ ಬರುತ್ತದೆ. ನಾಲ್ಕೂ ಇಂಡಿಕೇಟರ್ ಮಿಣುಕಿಸುತ್ತಾ ಓಡಿಸುವ ಚಾಳಿ ಈಗ ಶುರುವಾಗಿದೆ, ಹಿಂದಿನವನಿಗೆ ನೀವು ನಿಂತಿದ್ದೀರೋ ಹೋಗುತ್ತಿದ್ದೀರೋ ಗೊತ್ತಾಗುವುದಿಲ್ಲ.

ಮತ್ತೆ ಬಸ್ಸು. ಈ ದಾರಿಯ ಬಸ್ಸಿನವರಿಗೆ ಪ್ರತಿ ತಿರುವೂ ಬಾಯಿಪಾಠ. ಹಿಂದೆ ಬಂದು ಹಾರ್ನ್ ಹೊಡೆದರೆ ಸ್ಪರ್ಧೆಗೆ ಇಳಿಯದೆ ಬದಿಗೆ ಸರಿದು ಬಿಟ್ಟುಕೊಡಿ.

ರಾತ್ರಿ ಈ ದಾರಿ ಹಿಡಿಯಬೇಡಿ. ಸಂಜೆ ಐದರೊಳಗೆ ಆಚೆ ಗೇಟು ದಾಟುವ ಹಾಗೆ ಹೊರಡಿ.

ಮಕ್ಕಳಿಗೆ ವಾಂತಿ ಆಗುತ್ತದೆ, ಏನು ಮಾಡುವುದು?

ಕಾರ್ಕಳದಲ್ಲಿ ಗೋಳಿಬಜೆ, ಬನ್ಸ್ ತಿನ್ನಿಸಿ ಘಾಟಿ ಹತ್ತಿಸಬೇಡಿ. ಎರಡು ಇಡ್ಲಿ ಸಾಕು. ಕಿಟಕಿ ತೆರೆದಿರಲಿ, ಮೊಬೈಲ್ ಕೈಗೆ ಕೊಡಬೇಡಿ, ಕೈಯಲ್ಲೊಂದು ನಿಂಬೆಹಣ್ಣು ಇರಲಿ. ನಮ್ಮತ್ತೆ ಅದರ ಮೂಸುವಿಕೆಯಿಂದಲೇ ಮೂರು ತಲೆಮಾರಿನ ಮಕ್ಕಳನ್ನು ಈ ಘಾಟಿ ದಾಟಿಸಿದ್ದಾರೆ.

ಪೆಟ್ರೋಲ್, ಫೋನ್?

ಕಾರ್ಕಳದಲ್ಲಿ ಟ್ಯಾಂಕ್ ತುಂಬಿಸಿ, ಆ ಕಡೆಯಿಂದ ಬರುವುದಾದರೆ ಕಳಸದಲ್ಲಿ. ಕಾಡಿನೊಳಗೆ ಫೋನಿನ ಸಿಗ್ನಲ್ ಬಹುಪಾಲು ಸಿಗುವುದಿಲ್ಲ. ನಕ್ಷೆಯನ್ನು ಮುಂಚೆಯೇ ಇಳಿಸಿಟ್ಟುಕೊಳ್ಳಿ, ಸ್ಟೆಪ್ನಿಯ ಗಾಳಿ ನೋಡಿ. ಯುಪಿಐ ನಂಬಿ ಬರಿಗೈಯಲ್ಲಿ ಬರಬೇಡಿ, ಚಿಲ್ಲರೆ ಇರಲಿ.

ಊಟಕ್ಕೆ?

ಗೇಟಿನ ಒಳಗೆ ಹೋಟೆಲಿನ ಆಸೆ ಬೇಡ. ಬೆಳಿಗ್ಗೆ ಕಾರ್ಕಳದಲ್ಲಿ ತಿಂಡಿ, ಮಧ್ಯಾಹ್ನ ಕಳಸದಲ್ಲಿ ಊಟ. ಇನ್ನೂ ಒಳ್ಳೆಯದು, ಕಳಸದಿಂದ 8 ಕಿ.ಮೀ. ಮುಂದೆ ಹೊರನಾಡು ಅನ್ನಪೂರ್ಣೇಶ್ವರಿ ದೇವಸ್ಥಾನ. ಬಂದವರಿಗೆಲ್ಲ ಊಟ ಹಾಕುವುದೇ ಅಲ್ಲಿನ ವ್ರತ. ಹೊಟ್ಟೆ ತುಂಬಿದ ಮೇಲೆ ಕಳಸೇಶ್ವರನನ್ನೂ, ಭದ್ರೆಯ ದಡದ ಅಂಬಾತೀರ್ಥವನ್ನೂ ನೋಡಿ. ಮಧ್ವಾಚಾರ್ಯರು ಒಂದೇ ಕೈಯಲ್ಲಿ ಎತ್ತಿಟ್ಟರು ಎಂಬ ದೊಡ್ಡ ಬಂಡೆ ಅಲ್ಲಿದೆ.

ನಕ್ಸಲರ ಭಯ ಇದೆಯಾ?

ಇಪ್ಪತ್ತು ವರ್ಷದ ಹಿಂದೆ ಕೇಳಬೇಕಾದ ಪ್ರಶ್ನೆ ಇದು. 2025ರ ಜನವರಿಯಲ್ಲಿ ಆರು ಮಂದಿ ಶರಣಾದ ಮೇಲೆ ಆ ಅಧ್ಯಾಯ ಮುಚ್ಚಿದ ಹಾಗೆಯೇ. ಪ್ರವಾಸಿಗಳು ಅದಕ್ಕೆ ತಲೆಕೆಡಿಸಿಕೊಳ್ಳಬೇಕಿಲ್ಲ. ಆದರೆ ಉದ್ಯಾನದ ಒಳಗೂ ಅಂಚಿನಲ್ಲೂ ಮಲೆಕುಡಿಯರ, ಗೌಡರ ಮನೆಗಳಿವೆ. ಅವರಿಗೆ ಇದು ನೋಟದ ದಾರಿಯಲ್ಲ, ಆಸ್ಪತ್ರೆಗೆ, ಶಾಲೆಗೆ ಹೋಗುವ ದಾರಿ. ಅವರ ಅಂಗಳಕ್ಕೆ ಡ್ರೋನ್ ಹಾರಿಸಬೇಡಿ.

ಬಂದದ್ದೇ ಬಂದೆವು, ಶಿಖರವನ್ನೂ ಹತ್ತಬಹುದಾ?

ಅದು ಬೇರೆ ದಿನದ, ಬೇರೆ ತಯಾರಿಯ ಕೆಲಸ. ಚಾರಣಕ್ಕೆ ಅರಣ್ಯ ಇಲಾಖೆಯ 'ಅರಣ್ಯ ವಿಹಾರ' ಜಾಲತಾಣದಲ್ಲಿ ಮುಂಗಡ ಕಾಯ್ದಿರಿಸಬೇಕು, ದಿನಕ್ಕೆ ಇಂತಿಷ್ಟೇ ಜನ ಎಂಬ ಮಿತಿ ಇದೆ. ಬೆಂಕಿಯ ಕಾಲದಲ್ಲಿ ಮುಚ್ಚುವುದೂ ಉಂಟು. ನಡಿಗೆ ಶುರುವಾಗುವುದು ಸಂಸೆಯ ಮೇಲೆ ಹೋಗುವ ಮುಳ್ಳೋಡಿಯಿಂದ. ಕಾರಿನ ಪ್ರವಾಸಕ್ಕೆ ಇದನ್ನು ತುರುಕಿದರೆ ಎರಡೂ ಕೆಡುತ್ತದೆ.

ಬಂದ ದಾರಿಯಲ್ಲೇ ವಾಪಸ್ ಹೋಗಬೇಕಾ?

ಬೇಕಿಲ್ಲ. ಎರಡು ಸುತ್ತು ಹೇಳುತ್ತೇನೆ.

ಚಿಕ್ಕದು: ಕಾರ್ಕಳ, ಎಸ್.ಕೆ. ಬಾರ್ಡರ್, ಕೆರೆಕಟ್ಟೆ, ಶೃಂಗೇರಿ, ಆಗುಂಬೆ, ಹೆಬ್ರಿ, ಮತ್ತೆ ಕಾರ್ಕಳ. ಒಂದೇ ದಿನದಲ್ಲಿ ಮುಗಿಯುತ್ತದೆ. ಶೃಂಗೇರಿಯ ವಿದ್ಯಾಶಂಕರ ಗುಡಿಯ 12 ರಾಶಿಕಂಬಗಳನ್ನು ನೋಡಿ, ಸಂಜೆ ಆಗುಂಬೆ ಇಳಿಯಬಹುದು. ಆದರೆ ಇದರಲ್ಲಿ ಹುಲ್ಲುಗಾವಲಿನ ಭಾಗ ತಪ್ಪಿಹೋಗುತ್ತದೆ.

ದೊಡ್ಡದು: ಕಾರ್ಕಳ, ಕುದುರೆಮುಖ, ಕಳಸ, ಕೊಟ್ಟಿಗೆಹಾರ, ಚಾರ್ಮಾಡಿ ಘಾಟಿ, ಉಜಿರೆ, ಬೆಳ್ತಂಗಡಿ, ಕಾರ್ಕಳ. ಇದಕ್ಕೆ ಕಳಸದಲ್ಲೋ ಹೊರನಾಡಿನಲ್ಲೋ ಒಂದು ರಾತ್ರಿ ಉಳಿಯಿರಿ. ಬೆಳ್ತಂಗಡಿಯ ಬಳಿ ಗಡಾಯಿಕಲ್ಲು ಎಂಬ ಒಂಟಿ ಬಂಡೆ ಸಿಗುತ್ತದೆ, ಮೇಲೆ ಟಿಪ್ಪುವಿನ ಜಮಲಾಬಾದ್ ಕೋಟೆ. ಬೆಳಿಗ್ಗೆ ಮೇಲಿಂದ ನೋಡಿದ ಗುಡ್ಡಗಳ ಸಾಲನ್ನು ಸಂಜೆ ಇಲ್ಲಿ ಕೆಳಗಿನಿಂದ ಕತ್ತೆತ್ತಿ ನೋಡುತ್ತೀರಿ. ಚಾರ್ಮಾಡಿಯಲ್ಲಿ ಮಳೆಗಾಲದ ನಿರ್ಬಂಧ ಇದೆಯೇ ಎಂದು ಕಳಸದಲ್ಲೇ ಕೇಳಿಕೊಂಡು ಹೊರಡಿ.

ನಮ್ಮಲ್ಲಿ ಕಾರೇ ಇಲ್ಲ.

ಹಾಗಾದರೆ ನೀವೇ ಅದೃಷ್ಟವಂತರು. ಮಂಗಳೂರು, ಕಾರ್ಕಳ ಕಡೆಯಿಂದ ಕುದುರೆಮುಖದ ಮೇಲೆ ಕಳಸ, ಹೊರನಾಡಿಗೆ ಬಸ್ಸುಗಳಿವೆ. ಬೆಳಗಿನ ಬಸ್ಸು ಹಿಡಿದು ಎಡಗಡೆ ಕಿಟಕಿಯ ಸೀಟು ಹಿಡಿಯಿರಿ. ನಿಲ್ಲಿಸುವ ಚಿಂತೆ ಇಲ್ಲ, ಚೀಟಿಯ ಚಿಂತೆ ಇಲ್ಲ, ಗೇರಿನ ಚಿಂತೆ ಇಲ್ಲ. ಸೀಟು ಕಾರಿಗಿಂತ ಎತ್ತರ, ತಡೆಗೋಡೆಯ ಆಚೆಯ ಕಣಿವೆಯೂ ಕಾಣುತ್ತದೆ. ಪಕ್ಕದಲ್ಲಿ ಕೂತ ಅಜ್ಜಿ "ಎಲ್ಲಿಗೆ ಮಗಾ?" ಎಂದು ಕೇಳಿದರೆ "ಸುಮ್ಮನೆ ನೋಡಲಿಕ್ಕೆ" ಎನ್ನಿ. ನೋಡಲಿಕ್ಕೆ ಇದರಲ್ಲಿ ಏನಿದೆ ಎಂದು ಆಕೆ ನಿಮ್ಮನ್ನೇ ಒಂದು ಗಳಿಗೆ ನೋಡಿ, ಆಮೇಲೆ ಚೀಲದಿಂದ ಎರಡು ಕಿತ್ತಳೆ ತೆಗೆದು ಕೊಟ್ಟಾಳು.